ಹುಬ್ಬಿನ ನಡುವಿನ ಎರಡು ಗೆರೆ

ಮುಖದ ಸುಕ್ಕಿಗೆ ಇಂಜೆಕ್ಷನ್ ಹಾಕಿಸಿಕೊಳ್ಳಬೇಕು ಎಂದು ಆಸೆಪಡುವ ಹೆಂಗಸರು ಈಗ ನಮ್ಮ ಕಡೆಯೂ ಇದ್ದಾರೆ. ಅವರು ಮೊದಲು ಬರುವುದು ನನ್ನ ಹತ್ತಿರ. ನೇರವಾಗಿ ಕೇಳುವುದಿಲ್ಲ. ಅಂಗಡಿಗೆ ಬಂದು ಕುಕ್ಕರ್ ನೋಡುತ್ತಾರೆ, ಮುಚ್ಚಳ ತೆಗೆದು ಹಾಕುತ್ತಾರೆ, ಗಿರಾಕಿಗಳೆಲ್ಲ ಹೋದ ಮೇಲೆ ದನಿ ಇಳಿಸಿ "ನೀವು ಹಿಂದೆ ಹಣೆಗೆ ಏನೋ ಹಾಕಿಸ್ಕಂಡಿದ್ರಂತಲ್ರೀ" ಅನ್ನುತ್ತಾರೆ. ಹಾಕಿಸಿಕೊಂಡಿದ್ದೆ. ಮುಚ್ಚಿಡುವಂಥದ್ದೇನೂ ಅಲ್ಲ. ತೊಂಬತ್ತರ ದಶಕ ಮುಗಿಯುತ್ತಿದ್ದ ಕಾಲ, ಆ ಔಷಧದ ಹೆಸರನ್ನೇ ಈ ತಾಲ್ಲೂಕಿನಲ್ಲಿ ಯಾರೂ ಕೇಳಿರಲಿಲ್ಲ. ಆಗ ಶಿರಾಳಕೊಪ್ಪದ ಪಾತ್ರೆ ಅಂಗಡಿಯ ಹೆಂಗಸೊಬ್ಬಳು ಹುಬ್ಬಳ್ಳಿಗೆ ಹೋಗಿ ಹುಬ್ಬಿನ ನಡುವೆ ಸೂಜಿ ಚುಚ್ಚಿಸಿಕೊಂಡು ಬಂದಳು ಎಂದರೆ ಅದು ನಾನೇ. ಡಾಕ್ಟರು ಹೇಳುವುದನ್ನು ಡಾಕ್ಟರು ಹೇಳುತ್ತಾರೆ. ಅವರಿಗೆ ಹೊಳೆಯದ್ದನ್ನು ನಾನು ಹೇಳುತ್ತೇನೆ.

ಪಶ್ಚಾತ್ತಾಪ ಪಟ್ಟುಕೊಂಡು ಹೇಳುತ್ತಿದ್ದೇನೆ ಎಂದು ತಿಳಿಯಬೇಡಿ. ಪಟ್ಟಿಲ್ಲ. ಕಾರಣ ಕೇಳಿದರೆ ನಿಮಗೂ ಗೊತ್ತಾಗುತ್ತದೆ.

ನನ್ನ ಹುಬ್ಬುಗಳ ನಡುವೆ ಎರಡು ಗೆರೆ ಇವೆ, ನಿಂತ ಗೆರೆ. ಹುಟ್ಟಿನಿಂದ ಬಂದದ್ದಲ್ಲ. ನಮ್ಮ ಅಂಗಡಿ ಪೂರ್ವಕ್ಕೆ ಬಾಗಿಲು. ಬೆಳಿಗ್ಗೆ ಬಾಗಿಲು ತೆಗೆದರೆ ಬಿಸಿಲು ನೇರವಾಗಿ ಸ್ಟೀಲ್ ಪಾತ್ರೆಗಳ ಮೇಲೆ ಬಿದ್ದು ಕಣ್ಣು ಕುಕ್ಕುತ್ತದೆ. ಮದುವೆಯಾಗಿ ಬಂದ ವರ್ಷದಿಂದ ಆ ಥಳಥಳದ ನಡುವೆ ಕಣ್ಣು ಕಿರಿದು ಮಾಡಿಕೊಂಡು ಕೂತವಳು ನಾನು. ಗೆರೆ ಬೀಳದೆ ಏನು ಬೀಳುತ್ತದೆ? ಬಂದವರೆಲ್ಲ "ಯಾಕವ್ವಾ ಸಿಟ್ಟಿನಾಗಿದೀಯ" ಎಂದು ಕೇಳುವವರೇ. ಸಿಟ್ಟು ನನಗೆ ಬರುವುದಿಲ್ಲ ಎಂದಲ್ಲ. ಬರುತ್ತದೆ, ಚೆನ್ನಾಗಿಯೇ ಬರುತ್ತದೆ. ಆದರೆ ಬಂದದ್ದು ಬಾಯಿಂದ ಹೊರಗೆ ಹೋಗುತ್ತದೆ. ಅದನ್ನು ಹಣೆಯಲ್ಲಿಟ್ಟುಕೊಂಡು ಕೂರುವವಳಲ್ಲ ನಾನು.

ನಿಜ ಹೇಳಬೇಕೆಂದರೆ ವ್ಯಾಪಾರಕ್ಕೆ ಆ ಗೆರೆ ಅನುಕೂಲವೇ ಆಗಿತ್ತು. ಸಂತೆಯ ದಿನ ಹಳ್ಳಿಯಿಂದ ಬಂದವರು ನನ್ನ ಗಂಡನ ಹತ್ತಿರ ಅರ್ಧ ತಾಸು ಚೌಕಾಸಿ ಮಾಡುತ್ತಿದ್ದರು. ಅವರೋ ತಣ್ಣಗಿನ ಮನುಷ್ಯ, ಒಂದು ಮಾತಿಗೆ ಒಂದು ಮಾತು ಇಳಿಸುತ್ತ ಹೋಗುವವರು. ನಾನು ಒಳಗಿನಿಂದ ಬಂದು ಸುಮ್ಮನೆ ನಿಂತರೆ ಸಾಕು, "ಅಮ್ಮಾರು ಬಂದ್ರು, ಇನ್ನು ಬಿಡಲ್ಲ, ಕಟ್ರಿ" ಎಂದು ತಾವೇ ಮುಗಿಸುತ್ತಿದ್ದರು. ಮಗಳಿಗೆ ಗಂಡು ಹುಡುಕಲು ಶುರುಮಾಡುವವರೆಗೆ ನನ್ನ ಹಣೆಯ ಬಗ್ಗೆ ನನಗೆ ಯಾವ ತಕರಾರೂ ಇರಲಿಲ್ಲ.

ಮಗಳು ಒಬ್ಬಳೇ. ಬಿ.ಎ. ಮುಗಿಸಿದ್ದಳು. ಸಂಬಂಧ ತರುತ್ತಿದ್ದವರು ನನ್ನ ಗಂಡನ ಸೋದರಮಾವ, ಕುಬಟೂರಿನವರು. ಎಪ್ಪತ್ತರ ಹತ್ತಿರದ ವಯಸ್ಸು, ಬಿಳಿ ಪಂಚೆ, ಯಾವ ಊರಿನಲ್ಲಿ ಯಾವ ಮನೆಯಲ್ಲಿ ಮದುವೆಗೆ ಬಂದ ಹುಡುಗ ಇದ್ದಾನೆ ಎಂದು ಬೆರಳ ತುದಿಯಲ್ಲಿ ಹೇಳುವವರು. ಅವರು ಮೊದಲು ಕರೆತಂದದ್ದು ದಾವಣಗೆರೆ ಕಡೆಯವರನ್ನು. ಬಂದರು, ಉಪ್ಪಿಟ್ಟು ಕೇಸರಿಬಾತು ತಿಂದರು, ಹುಡುಗಿಯನ್ನು ನೋಡಿದರು, "ತಿಳಿಸ್ತೀವಿ" ಎಂದು ಹೋದರು. ತಿಳಿಸುವ ಕೆಲಸ ಮಾವನ ಪಾಲಿಗೆ ಬಂತು.

"ಹುಡುಗಿ ಬಗ್ಗೆ ಎರಡು ಮಾತಿಲ್ಲ ಅಂದ್ರವ್ವ" ಎಂದು ಮಾವ ನೆಲ ನೋಡುತ್ತ ಹೇಳಿದರು. "ಆದ್ರೆ..."

"ಆದ್ರೆ ಏನು, ಹೇಳ್ರಿ ಮಾವ."

"ತಾಯಿಯಂತೆ ಮಗಳು, ನೂಲಿನಂತೆ ಸೀರೆ ಅಂತ ಗಾದೆ ಹೇಳಿದ್ರು. ತಾಯಿ ಮುಖದಾಗೆ ಜಗಳ ಕುಂತೈತಿ, ನಾಳೆ ಮಗಳೂ ಹಂಗೇ ಆಗ್ತಾಳೆ ಅಂತ ಆ ಹುಡುಗನ ತಾಯಿ ಅಂದ್ಲಂತೆ."

"ಅವಳ ಮುಖದಾಗೆ ಏನು ಕುಂತಿತ್ತು ಅಂತ ನಾನು ಹೇಳ್ಲಾ?" ಅಂದೆ. ನನ್ನ ಗಂಡ ಕೈ ಎತ್ತಿ "ಸಾಕು" ಅಂದರು. ಆಮೇಲೆ "ಮಗೀಗೆ ಇದು ಗೊತ್ತಾಗೋದು ಬೇಡ. ತಾಯಿ ಮೇಲೆ ಬೇಜಾರು ಬರ್ತೈತಿ" ಅಂದರು. ನನಗೂ ಅದೇ ಸರಿ ಕಂಡಿತು. ಮಗಳಿಗೆ "ಆ ಸಂಬಂಧ ಕೂಡಿಬರ್ಲಿಲ್ಲ" ಎಂದಷ್ಟೇ ಹೇಳಿದೆವು. ಅವಳು ಯಾಕೆ ಎಂದು ಕೇಳಲಿಲ್ಲ. ಬುದ್ಧಿವಂತೆ, ದೊಡ್ಡವರ ಮಾತಿಗೆ ಬಾಯಿ ಹಾಕುವುದಿಲ್ಲ ಎಂದು ನಾವಿಬ್ಬರೂ ಹೆಮ್ಮೆಪಟ್ಟುಕೊಂಡೆವು.

ನನಗೆ ಆದದ್ದು ದುಃಖವಲ್ಲ, ಅವಮಾನ. ಕನ್ನಡಿಯ ಮುಂದೆ ನಿಂತು ಹೆಬ್ಬೆರಳಿನಿಂದ ಆ ಎರಡು ಗೆರೆಗಳನ್ನು ಒತ್ತಿ ನೋಡಿದೆ. ಬೆರಳು ತೆಗೆದರೆ ಮತ್ತೆ ಅಲ್ಲೇ. ಇಷ್ಟು ವರ್ಷ ಬಿಸಿಲಿಗೆ ಕೂತು ಸಂಸಾರ ಮಾಡಿದ್ದಕ್ಕೆ ಬಿದ್ದ ಗೆರೆ, ಈಗ ಮಗಳ ದಾರಿಗೆ ಅಡ್ಡ ಮಲಗಿತ್ತು.

ವರ್ಷ ಕಳೆದ ಮೇಲೆ ಮಾವ ಇನ್ನೊಂದು ಸಂಬಂಧ ತಂದರು. ಸೊರಬದವರು. ಭತ್ತದ ವ್ಯಾಪಾರದ ಮನೆ, ಹುಡುಗ ಅಲ್ಲೇ ಹೈಸ್ಕೂಲಿನಲ್ಲಿ ಗಣಿತದ ಮೇಷ್ಟ್ರು. ಒಳ್ಳೆಯ ಮನೆತನ. ಮಾವ ಎಲ್ಲ ಹೇಳಿ ಕೊನೆಗೆ, "ಅಲ್ಲಿ ಹುಡುಗನ ತಾಯೀದೇ ದರ್ಬಾರು. ಮುಖ ನೋಡಿ ಮನೆ ಎಂಥದ್ದು ಅಂತ ಹೇಳ್ತಾಳಂತೆ ಆಕಿ. ಆಕಿ ಹೂಂ ಅಂದ್ರೆ ಹೂಂ, ಇಲ್ಲ ಅಂದ್ರೆ ಶಿವ ಬಂದ್ರೂ ಇಲ್ಲ" ಅಂದರು. ಮತ್ತೆ ಮುಖ ನೋಡುವವಳೇ. ಆಷಾಢಕ್ಕೆ ಮೊದಲು ಒಂದು ತೀರ್ಮಾನ ಆಗಬೇಕು, ಅವರು ಇನ್ನೊಂದು ಹುಡುಗಿಯನ್ನೂ ನೋಡುವವರಿದ್ದಾರೆ ಎಂದೂ ಮಾವ ಹೇಳಿದರು. ಬರುವ ದಿನ ಗೊತ್ತಾಯಿತು. ಎರಡು ವಾರವೂ ಇರಲಿಲ್ಲ.

ಹುಬ್ಬಳ್ಳಿಯಲ್ಲಿದ್ದ ನನ್ನ ತಂಗಿಗೆ ಫೋನ್ ಮಾಡಿದೆ. ಹಿಂದೊಮ್ಮೆ ಅವಳೇ ಹೇಳಿದ್ದಳು, ಬೆಂಗಳೂರಿನಿಂದ ತಿಂಗಳಿಗೊಮ್ಮೆ ಒಬ್ಬ ಚರ್ಮದ ಡಾಕ್ಟರಮ್ಮ ಬರುತ್ತಾಳೆ, ಹಣೆಯ ಗೆರೆಗೆ ಹೊಸ ಇಂಜೆಕ್ಷನ್ ಹಾಕುತ್ತಾಳಂತೆ ಎಂದು. "ಇದೇ ವಾರ ಬರ್ತಾಳಕ್ಕ, ಆದ್ರ ನಿನಗ್ಯಾಕ" ಅಂದಳು. "ಬಂದ್ಮೇಲೆ ಹೇಳ್ತೀನಿ" ಅಂದೆ. ಗಂಡನಿಗೆ ಮಾತ್ರ ವಿಷಯ ತಿಳಿಸಿದೆ. ಅವರು ತುಂಬಾ ಹೊತ್ತು ನನ್ನ ಹಣೆ ನೋಡಿ, "ನನಗೆ ಅದೇ ರೂಢಿ ಆಗಿತ್ತಲ್ಲ" ಅಂದರು. ಬೇಡ ಅನ್ನಲಿಲ್ಲ.

ಡಾಕ್ಟರಮ್ಮ ನನಗಿಂತ ಚಿಕ್ಕವಳು. ಕೈಗೆ ಕನ್ನಡಿ ಕೊಟ್ಟು, "ಸಿಟ್ಟು ಮಾಡ್ಕೊಳ್ಳಿ" ಅಂದಳು.

"ಯಾರ ಮೇಲೆ?" ಅಂದೆ.

ನಕ್ಕಳು. "ಸುಮ್ನೆ ಹುಬ್ಬು ಗಂಟು ಹಾಕಿ ಸಾಕು." ಹಾಕಿದೆ. ಎಲ್ಲೆಲ್ಲಿ ಚರ್ಮ ಎದ್ದು ನಿಂತಿತೋ ಅಲ್ಲಲ್ಲಿ ಪೆನ್ನಿನಿಂದ ಚುಕ್ಕೆ ಇಟ್ಟಳು.

ಅವಳು ಹೇಳಿದ್ದನ್ನೆಲ್ಲ ಈಗಲೂ ನೆನಪಿಟ್ಟುಕೊಂಡಿದ್ದೇನೆ, ಯಾಕೆಂದರೆ ಕೇಳಿದವರಿಗೆಲ್ಲ ಅದನ್ನೇ ಹೇಳಿ ಹೇಳಿ ಬಾಯಿಪಾಠವಾಗಿದೆ. ಇದು ಗೆರೆಯನ್ನು ತುಂಬುವ ಔಷಧವಲ್ಲ. ಗೆರೆ ಎಳೆಯುವ ಸ್ನಾಯುವನ್ನು ಸ್ವಲ್ಪ ಕಾಲ ಮಲಗಿಸುತ್ತದೆ, ಅಷ್ಟೇ. ಇವತ್ತು ಹಾಕಿದರೆ ಇವತ್ತೇ ಕಾಣುವುದಿಲ್ಲ, ನಾಲ್ಕಾರು ದಿನ ಬೇಕು. ಮೂರ್ನಾಲ್ಕು ತಿಂಗಳಿಗೆ ಸ್ನಾಯು ಏಳುತ್ತದೆ, ಗೆರೆಯೂ ಬರುತ್ತದೆ. ಜೀವನವಿಡೀ ಬೇಕು ಎನ್ನುವವರು ಜೀವನವಿಡೀ ಚುಚ್ಚಿಸಿಕೊಳ್ಳಬೇಕು. ತಲೆನೋವು ಬರಬಹುದು, ಚುಚ್ಚಿದ ಕಡೆ ನೀಲಿಗಟ್ಟಬಹುದು. ಕೆಲವರಿಗೆ ಔಷಧ ಪಕ್ಕಕ್ಕೆ ಹರಿದು ಕಣ್ಣಿನ ರೆಪ್ಪೆ ಜೋತುಬೀಳುತ್ತದೆ, ಕೆಲವು ವಾರ ಇದ್ದು ತಾನೇ ಸರಿಹೋಗುತ್ತದೆ. ನುಂಗಲು, ಉಸಿರಾಡಲು ಕಷ್ಟವಾದರೆ ಮಾತ್ರ ಒಂದು ಕ್ಷಣವೂ ಕಾಯಬಾರದು, ಹತ್ತಿರದ ಆಸ್ಪತ್ರೆಗೆ ಓಡಬೇಕು. ಬಸುರಿಯಾಗಿದ್ದರೆ, ಹಾಲೂಡಿಸುತ್ತಿದ್ದರೆ, ಸ್ನಾಯುಗಳ ಕಾಯಿಲೆ ಇದ್ದರೆ ಹಾಕುವುದೇ ಇಲ್ಲ ಅಂದಳು. ರಕ್ತ ತೆಳುವಾಗುವ ಮಾತ್ರೆ ತಗೊಳ್ತೀರಾ ಎಂದೂ ಕೇಳಿದಳು. ಸೀಸೆಯ ಸೀಲನ್ನು ನನ್ನ ಕಣ್ಣೆದುರಿಗೇ ಒಡೆದು ಔಷಧ ಬೆರೆಸಿದಳು. ಇದನ್ನು ಮಾತ್ರ ನಾನು ಎಲ್ಲರಿಗೂ ಒತ್ತಿ ಹೇಳುತ್ತೇನೆ: ಹಾಕುವವರು ಓದಿದ ಡಾಕ್ಟರು ಹೌದೋ ಅಲ್ಲವೋ ಕೇಳಿ, ಸೀಸೆ ತೋರಿಸಿ ಅನ್ನಿ. ನಾಚಿಕೆ ಪಟ್ಟುಕೊಳ್ಳಬೇಡಿ, ಹೋಗುವುದು ನಿಮ್ಮ ಮುಖ.

"ಹತ್ತಿರದಲ್ಲಿ ಮನೇಲಿ ಏನಾದ್ರೂ ಕಾರ್ಯಕ್ರಮ ಇದೆಯಾ?" ಎಂದು ಕೇಳಿದಳು. "ಇದ್ರೆ ಈಗ ಬೇಡ. ಮೊದಲ ಸಲ ಹಾಕಿಸ್ಕೊಳ್ಳೋರು ಒಂದು ತಿಂಗಳಾದ್ರೂ ಮುಂಚೆ ಬರಬೇಕು."

"ಏನಿಲ್ಲ ಡಾಕ್ಟ್ರೇ" ಅಂದೆ. ಪಕ್ಕದಲ್ಲಿ ನಿಂತಿದ್ದ ತಂಗಿ ನನ್ನ ಕಡೆ ನೋಡಿದಳು. ನಾನು ಅವಳ ಕಡೆ ನೋಡಲಿಲ್ಲ.

ಚುಚ್ಚಿದ್ದು ಇರುವೆ ಕಚ್ಚಿದ ಹಾಗೆ, ಮುಗಿಯಿತು. ಹೊರಡುವಾಗ ಅವಳು ಹೇಳಿದ್ದು ಇಷ್ಟು: ಇವತ್ತಿಡೀ ಹಣೆ ತಿಕ್ಕಬೇಡಿ, ಮಸಾಜ್ ಬೇಡ, ಕೆಲವು ಗಂಟೆ ಮಲಗಬೇಡಿ, ತಲೆ ಕೆಳಗೆ ಮಾಡಿ ಬಗ್ಗಬೇಡಿ. ಆಯಿತು ಅಂದೆ. ಮನಸ್ಸಿಟ್ಟೇ ಅಂದೆ. ತಂಗಿಯ ಮನೆಗೆ ಆಟೋದಲ್ಲಿ ಹೋಗುವಾಗ ಹಣೆಯ ಮೇಲೆ ಬೆವರು ಹರಿದರೂ ಸೆರಗಿನಿಂದ ಒರೆಸಿಕೊಳ್ಳಲಿಲ್ಲ.

ಈಗ ಡಾಕ್ಟರಿಗೆ ಹೊಳೆಯದ ಮಾತಿಗೆ ಬರುತ್ತೇನೆ. ನಮ್ಮ ಮನೆತನದಲ್ಲಿ ಲಿಂಗಪೂಜೆಯಾಗದೆ ಬಾಯಿಗೆ ತುತ್ತು ಇಡುವುದಿಲ್ಲ. ಆವತ್ತು ನಸುಕಿನ ಬಸ್ಸು ಹಿಡಿದಿದ್ದರಿಂದ ಪೂಜೆ ಆಗಿರಲಿಲ್ಲ, ಊಟವೂ ಆಗಿರಲಿಲ್ಲ. ತಂಗಿಯ ಮನೆಗೆ ಹೋದವಳೇ ಸ್ನಾನ ಮಾಡಿ ಮಣೆಯ ಮೇಲೆ ಕೂತೆ. ವಿಭೂತಿ ಗಟ್ಟಿಯನ್ನು ಅಂಗೈಯಲ್ಲಿ ನೀರು ಹಾಕಿ ತೇಯ್ದು, ಮೂರು ಬೆರಳಿನಲ್ಲಿ ತೆಗೆದುಕೊಂಡು ಹಣೆಗೆ ಎಳೆದೆ. ವಿಭೂತಿ ಹಚ್ಚುವುದರಲ್ಲಿ ನಮ್ಮಮ್ಮನದು ಗಟ್ಟಿ ಕೈ. ಒತ್ತಿ ಎಳೆಯದಿದ್ದರೆ ಒಣಗಿದ ಮೇಲೆ ಉದುರಿ ಹೋಗುತ್ತದೆ, ಈ ಕಡೆಯಿಂದ ಆ ಕಡೆ, ಆ ಕಡೆಯಿಂದ ಈ ಕಡೆ ಎಂದು ಕಲಿಸಿದವಳು. ನಾನೂ ಹಾಗೇ ಎಳೆದೆ. ಪೂಜೆ ಮುಗಿದ ಮೇಲೆ ನೆಲಕ್ಕೆ ಹಣೆ ಹಚ್ಚಿ, ಸೊರಬದ ಸಂಬಂಧ ಕೂಡಿಬರಲಿ ಎಂದು ಬಹಳ ಹೊತ್ತು ಬಗ್ಗಿಯೇ ಇದ್ದೆ. ಆಮೇಲೆ ಎದ್ದು ರೊಟ್ಟಿ ತಿಂದೆ. ಊಟವಾದ ಮೇಲೆ ತಂಗಿ ಚಾಪೆ ಹಾಸಿದರೆ, ಡಾಕ್ಟರು ಮಲಗಬಾರದು ಅಂದಿದ್ದಾರೆ ಎಂದು ಗೋಡೆಗೆ ಒರಗಿ ಕೂತೆ.

ಕೆಲವು ದಿನದಲ್ಲಿ ಹಣೆ ನುಣ್ಣಗಾಯಿತು. ಸುಳ್ಳು ಹೇಳುವುದಿಲ್ಲ, ಖುಷಿಯಾಯಿತು. ಕನ್ನಡಿಯಲ್ಲಿ ಹುಬ್ಬು ಗಂಟು ಹಾಕಲು ಹೋದರೆ ಆಗುತ್ತಲೇ ಇರಲಿಲ್ಲ. ಸಂತೆಯ ದಿನ ಮಾತ್ರ ಫಜೀತಿ. ನಾನು ಹೊರಗೆ ಬಂದು ನಿಂತರೆ ಯಾರೂ ಚೌಕಾಸಿ ನಿಲ್ಲಿಸಲಿಲ್ಲ. "ಅಮ್ಮಾರು ಇವತ್ತು ಖುಷಿಯಾಗಿದಾರೆ, ಇನ್ನೊಂಚೂರು ಇಳಿಸ್ತಾರೆ ತಡಿ" ಎಂದು ಒಬ್ಬ ಮುದುಕ ಹಂಡೆಯ ಪಕ್ಕದಲ್ಲಿ ಕೂತೇಬಿಟ್ಟ. ನನ್ನ ಗಂಡ ನನ್ನ ಮುಖ ನೋಡಿ ನಕ್ಕರು. ನನಗೂ ನಗು ಬಂತು. ಸೊರಬದವರು ಈಗ ಬರಲಿ ಅನ್ನಿಸಿತು.

ಅವರು ಬರುವ ದಿನಕ್ಕೆ ಎರಡು ದಿನ ಇದೆ ಎನ್ನುವಾಗ, ಬೆಳಿಗ್ಗೆ ಎದ್ದವಳಿಗೆ ಎಡಗಣ್ಣು ಪೂರ್ತಿ ತೆರೆಯಲಿಲ್ಲ. ನಿದ್ದೆಯ ಜೊಂಪು ಎಂದುಕೊಂಡೆ. ಮುಖ ತೊಳೆದು ಕನ್ನಡಿ ನೋಡಿದರೆ ರೆಪ್ಪೆ ಅರ್ಧ ಕಣ್ಣಿನವರೆಗೆ ಇಳಿದು ನಿಂತಿದೆ. ಮೇಲೆತ್ತಿದರೂ ಏಳುತ್ತಿಲ್ಲ. ನೋವಿಲ್ಲ, ಊತವಿಲ್ಲ, ಸುಮ್ಮನೆ ಜೋತು ಬಿದ್ದಿದೆ.

ಬಸ್‌ಸ್ಟ್ಯಾಂಡಿನ ಹತ್ತಿರದ ಬೂತಿನಿಂದ ಡಾಕ್ಟರಮ್ಮನ ಬೆಂಗಳೂರಿನ ನಂಬರಿಗೆ ಫೋನ್ ಮಾಡಿದೆ. ಅವಳು ಗಾಬರಿಪಡಲಿಲ್ಲ. ನುಂಗಲು ಕಷ್ಟವಿದೆಯಾ, ಎರಡೆರಡಾಗಿ ಕಾಣುತ್ತಿದೆಯಾ ಎಂದೆಲ್ಲ ಕೇಳಿ, ಇಲ್ಲ ಅಂದ ಮೇಲೆ "ಹೆದರಬೇಡಿ, ಕೆಲವು ವಾರಕ್ಕೆ ಸರಿಹೋಗುತ್ತೆ. ಒಂದು ಸಲ ಕಣ್ಣಿನ ಡಾಕ್ಟರಿಗೂ ತೋರಿಸಿ" ಅಂದಳು. ಆಮೇಲೆ, "ಆವತ್ತು ಹಣೆ ತಿಕ್ಕಿದ್ರಾ?" ಅಂದಳು.

"ಇಲ್ಲ. ಬೆವರೂ ಒರೆಸ್ಕೊಂಡಿಲ್ಲ."

"ಬಗ್ಗಿ ಏನಾದ್ರೂ ಕೆಲಸ?"

"ಇಲ್ಲ ಡಾಕ್ಟ್ರೇ. ಪೂಜೆ ಮಾಡಿದೆ, ಊಟ ಮಾಡಿದೆ, ಕೂತೇ ಇದ್ದೆ."

"ಪೂಜೆ ಹೇಗೆ ಮಾಡ್ತೀರಿ?" ಅಂದಳು. ಹೇಳಿದೆ. ಹೇಳುತ್ತ ಹೇಳುತ್ತ ನನ್ನ ಕೈ ತಾನಾಗಿಯೇ ಹಣೆಗೆ ಹೋಗಿ ಮೂರು ಬೆರಳು ಆಚೆ ಈಚೆ ಆಡಿತು, ಆಗಲೇ ನನಗೂ ತಿಳಿಯಿತು. ಅದರಿಂದಲೇ ಆಯಿತು ಎಂದು ಗಟ್ಟಿಯಾಗಿ ಹೇಳಲಾಗುವುದಿಲ್ಲ, ಎಷ್ಟು ಜಾಗ್ರತೆ ಮಾಡಿದರೂ ಕೆಲವರಿಗೆ ಆಗುತ್ತದೆ ಎಂದಳು. "ಆದ್ರೆ ಇನ್ಮೇಲೆ ನಾನು ನಿಮ್ಮ ಕಡೆಯವರಿಗೆಲ್ಲ ವಿಭೂತಿ ಬಗ್ಗೆ ಕೇಳ್ತೀನಿ" ಅಂದಳು. ತಿಕ್ಕುವುದು ಎಂದರೆ ನನ್ನ ಲೆಕ್ಕದಲ್ಲಿ ಎಣ್ಣೆ ಹಚ್ಚಿ ತಿಕ್ಕುವುದು, ಪಾತ್ರೆ ತಿಕ್ಕುವುದು. ದೇವರ ಮುಂದೆ ಕೂತು ಮಾಡಿದ್ದನ್ನು ಯಾರಾದರೂ ತಿಕ್ಕುವುದು ಅನ್ನುತ್ತಾರೆಯೇ? ಹಾಗಾಗಿ ಹಾಕಿಸಿಕೊಳ್ಳುವವರಿಗೆ ನನ್ನ ಮಾತು ಇದು: ಪೂಜೆ ಮುಗಿಸಿಕೊಂಡೇ ಹೋಗಿ. ಶಿವ ಬೇಜಾರು ಮಾಡಿಕೊಳ್ಳುವುದಿಲ್ಲ.

ಮಧ್ಯಾಹ್ನ ಮಾವ ಬಂದರು. ಬಾಗಿಲಲ್ಲೇ ನಿಂತು ನನ್ನ ಮುಖ ನೋಡಿ, "ಲಕ್ವ ಹೊಡೆದೈತೇನವ್ವಾ" ಅಂದರು. ಅಲ್ಲ ಎಂದು ಎಲ್ಲ ಹೇಳಿದೆ. ಅವರು ಪಂಚೆ ಸರಿಮಾಡಿಕೊಂಡು ಕೂತರು. "ನಾನು ನಂಬ್ತೀನಿ. ಸೊರಬದಾಕಿ ನಂಬಬೇಕಲ್ಲ. ಲಕ್ವ ಅಂದ್ರೆ ರಕ್ತದಾಗೆ ಐತಿ, ನಾಳೆ ಮಗಳಿಗೂ ಬರ್ತೈತಿ ಅಂತಾರೆ. ಸಿಟ್ಟಿನ ಮುಖ ಅಂದ್ರೆ ಒಂದು ಮಾತು, ರೋಗದ ಮನೆ ಅಂದ್ರೆ ಈ ಎರಡು ತಾಲ್ಲೂಕಿನಾಗೆ ಯಾರೂ ಬರಂಗಿಲ್ಲ."

ಅದು ನಿಜ. ಮೊದಲಿನದು ನನ್ನ ಮುಖಕ್ಕಂಟಿದ ಮಾತಾಗಿತ್ತು. ಇದು ಮಗಳ ರಕ್ತಕ್ಕೆ ಅಂಟುವ ಮಾತು. ಮುಂದಕ್ಕೆ ಹಾಕೋಣ ಅಂದರೆ ಆಷಾಢ ಎದುರಿಗಿತ್ತು, ಅವರು ನೋಡಬೇಕಾದ ಇನ್ನೊಂದು ಹುಡುಗಿ ಇದ್ದಳು. ನಾನು ಮನೆಯಲ್ಲೇ ಇಲ್ಲ ಎಂದು ಹೇಳೋಣ ಅಂದರೆ, ಮಗಳನ್ನು ತೋರಿಸುವ ದಿನ ತಾಯಿ ಎಲ್ಲಿಗೆ ಹೋದಳು ಎಂಬ ಪ್ರಶ್ನೆ. ನನ್ನ ಗಂಡ ಯೋಚಿಸಿ ಯೋಚಿಸಿ, "ಕಣಜ ಕಚ್ಚಿತು ಅನ್ನಾಣ" ಅಂದರು. ಮಾವ ತಲೆಯಾಡಿಸಿದರು.

ಮಗಳಿಗೆ ಇಂಜೆಕ್ಷನ್ ವಿಷಯ ಆವತ್ತು ಹೇಳಲೇಬೇಕಾಯಿತು. ಚಂದ ಕಾಣಲಿ ಎಂದು ಹಾಕಿಸಿಕೊಂಡೆ ಅಂದೆ, ಅಷ್ಟೇ. ಅವಳು ನನ್ನ ರೆಪ್ಪೆಯನ್ನು ಮೆಲ್ಲಗೆ ಮುಟ್ಟಿ, ನೋಯುತ್ತದಾ ಎಂದು ಕೇಳಿದಳು. "ಬೇಕಾದ್ರೆ ಮುಂದಕ್ಕೆ ಹಾಕ್ಸಾಣ" ಅಂದೆ. "ಬೇಡಮ್ಮ, ಬರ್ಲಿ. ಅವರು ಒಪ್ಪಿದ್ರೆ ಸಾಕು, ನಾನು ಹುಡುಗನ ಮುಖಾನೂ ನೋಡ್ಬೇಕಿಲ್ಲ" ಎಂದು ಒಳಗೆ ಹೋದಳು. ಎಂಥ ಮಗಳು ಎಂದು ಮಾವನಿಗೆ ಮೆಚ್ಚುಗೆಯಾಯಿತು. ನನಗೆ ಮಾತ್ರ ಆ ಮಾತು ಯಾಕೋ ಸರಿ ಕಾಣಲಿಲ್ಲ, ಕಾರಣ ತಿಳಿಯಲಿಲ್ಲ.

ಸೊರಬದವರು ಬಂದದ್ದು ಮೂವರು: ತಾಯಿ, ತಂದೆ, ಹುಡುಗ. ತಾಯಿ ತೆಳ್ಳಗಿನ ಹೆಂಗಸು, ದಪ್ಪ ಕನ್ನಡಕ, ನರೆತ ತಲೆಗೆ ಅಚ್ಚುಕಟ್ಟಾದ ತುರುಬು. ಕೂತವರೇ ಮನೆಯನ್ನು ಒಂದು ಸುತ್ತು ನೋಡಿ ಕೊನೆಗೆ ನನ್ನ ಮುಖದ ಮೇಲೆ ಕಣ್ಣಿಟ್ಟರು. ತೆಗೆಯಲಿಲ್ಲ. ಚಹಾ ನಾನೇ ಕೊಟ್ಟಿದ್ದೆ. ಮಗಳು ಅಡುಗೆಮನೆಯಲ್ಲಿದ್ದಳು, ಕರೆದಾಗ ತಿಂಡಿಯ ತಟ್ಟೆ ಹಿಡಿದು ಬರಬೇಕಿತ್ತು.

"ಕಣ್ಣಿಗೆ ಎಂತ ಆಯ್ತ್ರೀ?" ಎಂದು ಆಕೆ ಕೇಳಿದರು.

ನನ್ನ ಗಂಡ ಸಿದ್ಧವಾಗಿದ್ದರು. "ಮೊನ್ನೆ ಕಣಜ ಕಚ್ಚಿತ್ತು."

"ಕಣಜ ಕಚ್ಚಿದ್ರೆ ಊದ್ತದೆ ಅಲ್ದನ್ರೀ? ಇದು ಊದಿಲ್ಲ. ಜೋತಿದೆ."

ಮಾವ ಕೆಮ್ಮಿದರು. ಆಕೆ ಕನ್ನಡಕ ಸರಿಮಾಡಿಕೊಂಡು, "ಬೇಜಾರು ಮಾಡ್ಕಬೇಡಿ, ಕೇಳೋದು ಕೇಳ್ಬೇಕಾಗ್ತದೆ. ಲಕ್ವ ಗಿಕ್ವ ಎಂತಾರೂ ಇದೆಯಾ ನಿಮ್ಮ ಮನೆತನದಲ್ಲಿ?" ಅಂದರು.

ನನ್ನ ತಾಳ್ಮೆ ಅಲ್ಲಿಗೆ ಮುಗಿಯಿತು. ಹಣೆ ಗಂಟಾಗಲಿಲ್ಲ, ಆಗುವ ಹಾಗೆಯೇ ಇರಲಿಲ್ಲ. ಆದರೆ ಸಿಟ್ಟಿಗೆ ಬಾಯಿ ಇತ್ತು.

"ಲಕ್ವನೂ ಅಲ್ಲ, ಕಣಜನೂ ಅಲ್ರೀ" ಅಂದೆ. "ನನ್ನ ಹುಬ್ಬಿನ ನಡುವೆ ಗೆರೆ ಇದ್ವು. ಅವು ಹೋಗ್ಲಿ ಅಂತ ಹುಬ್ಬಳ್ಳಿಗೆ ಹೋಗಿ ಇಂಜೆಕ್ಷನ್ ಹಾಕಿಸ್ಕಂಡೆ. ಹಾಕಿಸ್ಕಂಡ ಮೇಲೆ ಹಣೆ ಮುಟ್ಟಬಾರದಿತ್ತು, ವಿಭೂತಿ ಎಳೆದೆ. ಔಷಧ ಜಾರಿ ರೆಪ್ಪೆ ಬಿದ್ದೈತಿ. ಕೆಲವು ವಾರಕ್ಕೆ ಏಳ್ತೈತಿ. ಬೇಕಾದ್ರೆ ಡಾಕ್ಟರ ನಂಬರು ಕೊಡ್ತೀನಿ, ನೀವೇ ಕೇಳ್ರಿ."

ಹುಡುಗನ ತಂದೆಗೆ ಚಹಾ ನೆತ್ತಿಗೇರಿತು. ಆಕೆ ಮಾತ್ರ ಅಲುಗಲಿಲ್ಲ. ನಂಬಲಿಲ್ಲ ಎಂದಲ್ಲ, ನಂಬಿದ್ದರಿಂದಲೇ ಅವರಿಗೆ ಇನ್ನೂ ವಿಚಿತ್ರವಾಗಿತ್ತು ಎಂದು ಕಾಣುತ್ತದೆ. "ಹುಡುಗಿ ನೋಡಕ್ಕೆ ನಾವು ಬರೋದು. ಹುಡುಗಿ ತಾಯಿ ಹಣೆಗೆ ಸೂಜಿ ಎಂತಕ್ರೀ?" ಅಂದರು. ದನಿಯಲ್ಲಿ ಅಣಕ ಇರಲಿಲ್ಲ.

"ಹೋದ ವರ್ಷ ಒಂದು ಸಂಬಂಧ ಬಂದಿತ್ತು" ಅಂದೆ. "ನನ್ನ ಮಗಳಲ್ಲಿ ಅವರಿಗೆ ಒಂದು ಕೊರತೆ ಸಿಗ್ಲಿಲ್ಲ. ನನ್ನ ಹಣೆ ನೋಡಿದ್ರು. ತಾಯಿ ಜಗಳಗಂಟಿ, ಮಗಳೂ ಹಂಗೇ ಅಂತ ಬೇಡ ಅಂದ್ರು. ನನ್ನ ಮುಖದ ದೆಸೆಯಿಂದ ನನ್ನ ಮಗಳು ಇನ್ನೊಂದು ಸಲ ಬೇಡ ಅನ್ನಿಸ್ಕಬಾರದು. ಅದಕ್ಕೇ ಹಾಕಿಸ್ಕಂಡೆ. ಹಿಂಗಾಗ್ತೈತಿ ಅಂತ ಗೊತ್ತಿದ್ರೂ ಹಾಕಿಸ್ಕಂತಿದ್ದೆ."

ಹೇಳಿ ಮುಗಿಸಿದಾಗ ಅಡುಗೆಮನೆಯ ಬಾಗಿಲಲ್ಲಿ ಮಗಳು ನಿಂತಿದ್ದಳು. ಯಾರೂ ಕರೆದಿರಲಿಲ್ಲ. ಕೈಯಲ್ಲಿ ತಟ್ಟೆ ಇರಲಿಲ್ಲ.

"ಅಮ್ಮ" ಅಂದಳು. "ಅವರು ಬೇಡ ಅಂದಿದ್ದು ನಿನ್ನ ಹಣೆ ನೋಡಿನಾ?"

"ಹೂಂ ಮಗಾ."

"ನಾನು ಕಪ್ಪು ಅಂತ ಅಲ್ವಾ?"

ಮನೆಯಲ್ಲಿ ಆ ಮಾತನ್ನು ನಾವು ಯಾರೂ ಯಾವತ್ತೂ ಆಡಿದವರಲ್ಲ. ಅವಳ ಬಣ್ಣ ನನಗೆ ಅವಳ ಬಣ್ಣ, ಅದರಲ್ಲಿ ಹೇಳುವುದೇನಿತ್ತು? ಅವಳು ಒಂದು ವರ್ಷ, ಅಷ್ಟೂ ದಿನ, ತಾನೇ ಕಾರಣ ಎಂದುಕೊಂಡು ಅದೇ ಮನೆಯಲ್ಲಿ ನಮ್ಮ ಜೊತೆ ಉಂಡು ಮಲಗಿ ಎದ್ದಿದ್ದಳು. ಅವಳು ಯಾಕೆ ಎಂದು ಕೇಳದೆ ಇದ್ದದ್ದು ಬುದ್ಧಿವಂತಿಕೆಯಿಂದಲ್ಲ, ಉತ್ತರ ಗೊತ್ತಿದೆ ಎಂದುಕೊಂಡು. ಹುಡುಗನ ಮುಖ ನೋಡಬೇಕಿಲ್ಲ ಅಂದದ್ದೂ ಅದಕ್ಕೇ.

"ಅಲ್ಲ ಕಣವ್ವ" ಎಂದು ಮಾವ ಹೇಳಿದರು. "ಆ ಮಾತನ್ನ ಅವರು ಎತ್ತಲೇ ಇಲ್ಲ. ಹುಡುಗಿ ಬಗ್ಗೆ ಎರಡು ಮಾತಿಲ್ಲ ಅಂದ್ರು. ನನ್ನ ಹತ್ರಾನೇ ಅಂದಿದ್ದು."

ಅವಳು ಬಂದು ನನ್ನ ಪಕ್ಕದ ಕುರ್ಚಿಯಲ್ಲಿ ಕೂತಳು. ತೋರಿಸಬೇಕಾದ ಹುಡುಗಿ ಕೂರಲಿ ಎಂದು ಕೆಳಗೆ ಜಮಖಾನ ಹಾಸಿದ್ದೆವು, ಅದರ ಮೇಲೆ ಕೂರಲಿಲ್ಲ. ಹುಡುಗನ ತಾಯಿಯನ್ನು ನೋಡಿ, ದನಿ ಎತ್ತದೆ, "ಹಂಗಾದ್ರೆ ನಾನು ನಿಮ್ಮ ಮಗನ ಹತ್ರ ಮಾತಾಡ್ಬೇಕ್ರೀ" ಅಂದಳು. "ಯಾರು ಒಪ್ಪಿದ್ರೂ ಹೂಂ ಅನ್ಬೇಕು ಅಂತ ಇದ್ದೆ. ಈಗ ನಾನೂ ನೋಡಿ ಹೇಳ್ತೀನಿ."

ನನ್ನ ಗಂಡ ಏನೋ ಹೇಳಲು ಹೋದರು. ಸೊರಬದಾಕೆ ಕೈ ಅಡ್ಡ ಮಾಡಿದರು. ನನ್ನ ಮಗಳ ಮುಖವನ್ನು ಸ್ವಲ್ಪ ಹೊತ್ತು ನೋಡಿ, ಮಗನ ಕಡೆ ತಿರುಗಿ, "ಏಳಾ, ಕೇಳಿದ್ದಕ್ಕೆ ಸಮ ಉತ್ತರ ಕೊಡು" ಅಂದರು. ಗಣಿತದ ಮೇಷ್ಟ್ರಾದ ಹುಡುಗ ಪರೀಕ್ಷೆಗೆ ಬಂದವನ ಹಾಗೆ ಎದ್ದು ನಿಂತ. ಇಬ್ಬರೂ ಹಿತ್ತಲಿನ ಕಡೆ ಹೋದರು. ನನಗೆ ಅಳು ಬಂತು. ಒಂದು ರೆಪ್ಪೆ ಅರ್ಧ ಮುಚ್ಚಿತ್ತು, ಆದರೂ ಎರಡೂ ಕಣ್ಣಿನಲ್ಲಿ ಬಂತು. ಆಕೆ ಕುರ್ಚಿ ಎಳೆದುಕೊಂಡು ನನ್ನ ಹತ್ತಿರ ಬಂದು ಕೂತರು.

ಮಗಳು ಆವತ್ತು ಹೂಂ ಅನ್ನಲಿಲ್ಲ. ಯೋಚನೆ ಮಾಡಿ ಹೇಳ್ತೀನಿ ಅಂದಳು. ಬಾಗಿಲವರೆಗೆ ಹೋಗಿ ಅವರನ್ನು ಕಳಿಸಿಕೊಟ್ಟು, ಒಳಗೆ ಬಂದು, ಹಸಿವಾಗ್ತಿದೆ ಎಂದು ಬಡಿಸಿಕೊಂಡು ಉಂಡಳು. ಅವಳು ಹೂಂ ಅಂದದ್ದು ಆಷಾಢ ಕಳೆದ ಮೇಲೆ. ಅಲ್ಲಿಯವರೆಗೆ ಸೊರಬದವರು ಕಾದರು.